ಸ್ವಿಚ್ಚು ಆರಿಸಿದರೂ ಹೋಲ್ಡರಿನಲ್ಲಿ ಕರೆಂಟು ಉಳಿಯಬಹುದೇ? ಬಲ್ಬು ಬದಲಿಸುವವರಿಗಾಗಿ ಒಂದು ಚರ್ಚೆ

ಡೊಂಬಿವಲಿ ಗೃಹಿಣಿ

ಎಲ್ಲರಿಗೂ ನಮಸ್ಕಾರ. ಮುಂಬಯಿ ಬಳಿಯ ಡೊಂಬಿವಲಿ ಪೂರ್ವದ ಹಳೆಯ ಕಟ್ಟಡವೊಂದರಲ್ಲಿ ನಮ್ಮ ಮನೆಯಿದೆ. ಎರಡು ವಿಷಯಗಳಲ್ಲಿ ತಿಳಿದವರ ಸಲಹೆ ಬೇಕಾಗಿದೆ. ಮೊದಲನೆಯದು, ಅಡುಗೆಮನೆಯ ಎಲ್‌ಇಡಿ ಬಲ್ಬು ಸ್ವಿಚ್ಚು ಆರಿಸಿದ ಮೇಲೂ ಪೂರ್ತಿಯಾಗಿ ಆರುವುದಿಲ್ಲ; ರಾತ್ರಿ ನೀರು ಕುಡಿಯಲು ಎದ್ದಾಗ ನೋಡಿದರೆ ಮಿಣುಕು ಬೆಳಕು ಉಳಿದೇ ಇರುತ್ತದೆ. ಬಲ್ಬೇ ಕೆಟ್ಟಿರಬೇಕೆಂದು ಹೊಸದನ್ನು ತಂದು ಹಾಕಿದೆವು, ಅದೂ ಹಾಗೆಯೇ ಮಾಡುತ್ತಿದೆ. ಎರಡನೆಯದು, ಬಚ್ಚಲುಮನೆಯ ಬಲ್ಬು ಸುಟ್ಟುಹೋಗಿದೆ, ಆದರೆ ಹೋಲ್ಡರಿನಿಂದ ಬಿಡಿಸಲು ಬರುತ್ತಿಲ್ಲ. ಮಳೆಗಾಲದುದ್ದಕ್ಕೂ ಅಲ್ಲಿನ ಗೋಡೆ ಒಸರುತ್ತಿತ್ತು.

ನಮ್ಮಲ್ಲಿ ಬಲ್ಬು ಬದಲಿಸುವುದು ಮೊದಲಿನಿಂದಲೂ ಮಾವನವರ ಕೆಲಸ. ಅವರಿಗೆ ಎಪ್ಪತ್ತು ದಾಟಿದೆ. ಪ್ಲಾಸ್ಟಿಕ್ ಸ್ಟೂಲಿನ ಮೇಲೆ ನಿಂತು, "ಸ್ವಿಚ್ಚು ಆರಿಸಿದ್ದೇನಲ್ಲ, ಇನ್ನೇನು ಭಯ" ಎನ್ನುತ್ತಾರೆ. ಸ್ವಿಚ್ಚು ಆರಿಸಿದ ಮೇಲೂ ಬಲ್ಬು ಮಿನುಗುತ್ತಿರುವಾಗ ಆ ಹೋಲ್ಡರಿಗೆ ಕೈ ಹಾಕುವುದು ಕ್ಷೇಮವೇ? ಮನೆಯವರು ಎಲ್ಲಿಯವರೆಗೆ ತಾವೇ ಮಾಡಬಹುದು, ಎಲ್ಲಿಂದ ಮುಂದೆ ವೈರ್‌ಮನ್‌ನನ್ನು ಕರೆಸಬೇಕು?

ನಿವೃತ್ತ ವೈರ್‌ಮನ್, ಮಾಟುಂಗಾ

ಅಮ್ಮಾ, ಮೊದಲು ತಮ್ಮ ಮಾವನವರನ್ನು ಆ ಸ್ಟೂಲಿನಿಂದ ಇಳಿಸಿ. ಉಳಿದದ್ದನ್ನು ಆಮೇಲೆ ನೋಡೋಣ.

ತಮ್ಮ ಅಡುಗೆಮನೆಯ ಬಲ್ಬು ಕೆಟ್ಟಿಲ್ಲವೆಂದೇ ನನಗೆ ತೋರುತ್ತದೆ. ಮನೆಗೆ ಬರುವ 230 ವೋಲ್ಟಿನ ಎರಡು ತಂತಿಗಳಲ್ಲಿ ಒಂದು ಕರೆಂಟು ತರುವ ಫೇಸ್, ಇನ್ನೊಂದು ಅದು ಹಿಂದಿರುಗುವ ನ್ಯೂಟ್ರಲ್. ಸ್ವಿಚ್ಚು ಯಾವಾಗಲೂ ಫೇಸ್ ತಂತಿಯನ್ನೇ ಕಡಿಯುವಂತಿರಬೇಕು. ಭಾರತೀಯ ಮಾನಕ ಬ್ಯೂರೋದ ವೈರಿಂಗ್ ಸಂಹಿತೆಯಾದ ಐಎಸ್ 732 ಹೇಳುವುದೂ ಇದನ್ನೇ. ಹಳೆಯ ಚಾಳುಗಳಲ್ಲಿ, ಅಂದರೆ ವಠಾರಗಳಲ್ಲಿ, ಹಲವು ಸಲ ಒಬ್ಬರಾದ ಮೇಲೊಬ್ಬರು ಕೈಯಾಡಿಸಿದ ಮನೆಗಳಲ್ಲಿ, ಸ್ವಿಚ್ಚನ್ನು ನ್ಯೂಟ್ರಲ್ ಮೇಲೆ ಕೂಡಿಸಿಬಿಟ್ಟಿರುವುದನ್ನು ನಾನು ಬೇಕಾದಷ್ಟು ಕಂಡಿದ್ದೇನೆ. ಹೀಗಾದಾಗ ಬಲ್ಬು ಹೊತ್ತುತ್ತದೆ, ಆರುತ್ತದೆ, ಯಾರಿಗೂ ಸಂಶಯ ಬರುವುದಿಲ್ಲ; ಆದರೆ ಸ್ವಿಚ್ಚು ಆರಿಸಿದ ಮೇಲೂ ಫೇಸ್ ಬಂದು ಹೋಲ್ಡರಿನಲ್ಲೇ ಕುಳಿತಿರುತ್ತದೆ. ನೆಲಕ್ಕೆ ಸಂಪರ್ಕವಿರುವ ಮನುಷ್ಯ ಅದನ್ನು ಮುಟ್ಟಿದರೆ ಪೂರ್ತಿ 230 ವೋಲ್ಟಿನ ಶಾಕ್ ಹೊಡೆಯುತ್ತದೆ.

ಹಿಂದಿನ ತಂತಿ ಬಲ್ಬುಗಳ ಕಾಲದಲ್ಲಿ ಈ ದೋಷ ಕಣ್ಣಿಗೆ ಬೀಳುತ್ತಿರಲಿಲ್ಲ, ಏಕೆಂದರೆ ಅವುಗಳ ಟಂಗ್‌ಸ್ಟನ್ ತಂತಿ ಕಾದು ಬೆಳಗಲು ಸಾಕಷ್ಟು ಕರೆಂಟು ಹರಿಯಬೇಕಿತ್ತು. ಎಲ್‌ಇಡಿ ಹಾಗಲ್ಲ, ಒಂದು ಮಿಲಿಆಂಪಿಯರಿಗಿಂತ ಕಡಿಮೆ ಸೋರಿಕೆಯಲ್ಲೂ ಅದು ಮಿನುಗುತ್ತದೆ. ಇದಕ್ಕೆ ಇನ್ನೆರಡು ಕಾರಣಗಳೂ ಇರಬಹುದು. ಸ್ವಿಚ್ಚಿನಲ್ಲೇ ಪುಟ್ಟ ಕೆಂಪು ಸೂಚಕ ದೀಪವಿದ್ದರೆ ಅದರ ಮೂಲಕ ಹರಿಯುವ ಚೂರು ಕರೆಂಟು ಸಾಕು. ಸ್ವಿಚ್ಚಿನಿಂದ ಬಲ್ಬಿನವರೆಗೆ ಹೋಗುವ ತಂತಿ ಬೇರೆ ಫೇಸ್ ತಂತಿಯ ಪಕ್ಕದಲ್ಲೇ ಬಹು ದೂರ ಸಾಗಿದ್ದರೂ ಮಿನುಗು ಬರುತ್ತದೆ. ಸೂಚಕ ದೀಪವಿಲ್ಲದ ಹಳೆಯ ಮನೆಯಾದರೆ ನನ್ನ ಮೊದಲ ಅನುಮಾನ ಮಾತ್ರ ನ್ಯೂಟ್ರಲ್ ಮೇಲಿನ ಸ್ವಿಚ್ಚಿನ ಕಡೆಗೇ. ವೈರ್‌ಮನ್ ಬಂದು ಬೋರ್ಡು ತೆರೆದು ನೋಡಿದರೆ ಹತ್ತು ನಿಮಿಷದಲ್ಲಿ ತಿಳಿಯುತ್ತದೆ.

ಹೋಲ್ಡರ್ ಹೇಗಿರುತ್ತದೆಂಬುದನ್ನೂ ಒಮ್ಮೆ ಗಮನಿಸಿ. ನಮ್ಮ ಮನೆಗಳಲ್ಲಿ ಹೆಚ್ಚಾಗಿರುವುದು ಬಿ22 ಎಂಬ ಪಿನ್ ಹೋಲ್ಡರ್, ಅಂದರೆ 22 ಮಿಲಿಮೀಟರ್ ಅಗಲದ ಬಾಯಿ, ಎರಡು ಬದಿ ಕೊಕ್ಕೆಯಂತೆ ತಿರುಗಿದ ಸೀಳು. ಬಲ್ಬು ತೆಗೆದಾಗ ಒಳಗೆ ಸ್ಪ್ರಿಂಗಿನ ಮೇಲೆ ಕುಳಿತ ಎರಡು ಹಿತ್ತಾಳೆ ತುದಿಗಳು ಬರಿದಾಗಿ ಕಾಣುತ್ತವೆ, ಬೆರಳು ಹಾಕಿದರೆ ಸಿಗುತ್ತವೆ. ತಿರುಪಿನ ಹೋಲ್ಡರಿನಲ್ಲಿ, ಅಂದರೆ ಇ27 ಮತ್ತು ಝೂಮರಿಗೆ (ಗೊಂಚಲು ದೀಪಕ್ಕೆ) ಬಳಸುವ ಸಣ್ಣ ಇ14ರಲ್ಲಿ, ನಡುವಿನ ಬಿಂದುವಿಗೆ ಫೇಸ್, ಸುತ್ತಲಿನ ತಿರುಪಿಗೆ ನ್ಯೂಟ್ರಲ್ ಬರಬೇಕು. ತಂತಿಗಳು ಅದಲುಬದಲಾಗಿದ್ದರೆ ತಿರುಪೆಲ್ಲ ಫೇಸ್ ಆಗುತ್ತದೆ, ಬಲ್ಬು ಅರ್ಧ ಬಿಚ್ಚಿದಾಗ ಹೊರಗೆ ಕಾಣುವ ಲೋಹವನ್ನು ಬೆರಳು ಸವರಿದರೆ ಸಾಕು. ಆದ್ದರಿಂದ ಗೋಡೆಯ ಸ್ವಿಚ್ಚನ್ನಷ್ಟೇ ನಂಬಿ ಬಲ್ಬು ಬದಲಿಸಬೇಡಿ. ಸ್ವಿಚ್ಚು ಆರಿಸಿ, ಆ ಸಾಲಿನ ಎಂಸಿಬಿಯನ್ನೂ (ಕರೆಂಟು ಮಿತಿಮೀರಿದರೆ ತಾನೇ ಬೀಳುವ, ಬೋರ್ಡಿನ ಪುಟ್ಟ ಸ್ವಿಚ್ಚನ್ನೂ) ಇಳಿಸಿ, ಅನಂತರ ಕೈ ಹಾಕಿ. ಯಾವ ಎಂಸಿಬಿ ಎಂದು ತಿಳಿಯದಿದ್ದರೆ ಮೇನ್ ಸ್ವಿಚ್ಚನ್ನೇ ಆರಿಸಿ. ಡಬಲ್ ಪೋಲ್ ಮೇನ್ ಆಗಿದ್ದರೆ ಅದು ಫೇಸ್ ಮತ್ತು ನ್ಯೂಟ್ರಲ್ ಎರಡನ್ನೂ ಕಡಿಯುತ್ತದೆ.

ಕೊತ್ರೂಡ್ ನಿವಾಸಿ, ಪುಣೆ

ಹಿರಿಯರು ಹೇಳಿದ್ದನ್ನು ಒಪ್ಪುತ್ತಲೇ ಒಂದು ಮುಖ್ಯವಾದ ಮಾತನ್ನು ಸೇರಿಸಬೇಕೆನಿಸುತ್ತದೆ. ಮನೆಯಲ್ಲಿ ಇನ್‌ವರ್ಟರ್ ಇದ್ದರೆ ಮೇನ್ ಸ್ವಿಚ್ಚು ಆರಿಸುವುದರಿಂದ ಕೆಲಸ ಆಗುವುದಿಲ್ಲ. ಮೇನ್ ಹೋದ ಕೂಡಲೇ ಕರೆಂಟು ಹೋಯಿತೆಂದು ತಿಳಿದು ಇನ್‌ವರ್ಟರ್ ತನ್ನ ಬ್ಯಾಟರಿಯಿಂದ ಅದೇ ದೀಪಗಳಿಗೆ 230 ವೋಲ್ಟನ್ನು ಕೊಡತೊಡಗುತ್ತದೆ. ನಮ್ಮಲ್ಲಿ ಇನ್‌ವರ್ಟರಿಗೆ ಜೋಡಿಸುವುದೇ ದೀಪ ಮತ್ತು ಫ್ಯಾನುಗಳನ್ನು, ಹಾಗಾಗಿ ನಾವು ಮುಟ್ಟಲು ಹೊರಟ ಹೋಲ್ಡರಿನಲ್ಲೇ ಫೇಸ್ ಮತ್ತೆ ಬಂದು ಕೂರುತ್ತದೆ. ಇನ್‌ವರ್ಟರಿನ ಮುಂಭಾಗದ ಬಟನ್ ಒತ್ತಿ ನಿಲ್ಲಿಸಿ, ಅದರಿಂದ ಹೊರಡುವ ಸಾಲಿಗೆ ಬೇರೆ ಎಂಸಿಬಿ ಇದ್ದರೆ ಅದನ್ನೂ ಇಳಿಸಬೇಕು. ಮೇನ್ ಆರಿಸಿದ ಮೇಲೂ ಪಕ್ಕದ ಕೋಣೆಯ ಫ್ಯಾನು ತಿರುಗುತ್ತಿದ್ದರೆ ಯಾವುದಕ್ಕೂ ಕೈ ಹಾಕಬೇಡಿ.

ಇನ್ನು ಟೆಸ್ಟರ್. ಅಗ್ಗಕ್ಕೆ ಸಿಗುವ ನಿಯಾನ್ ಟೆಸ್ಟರನ್ನು (ಒಳಗೆ ಪುಟ್ಟ ದೀಪವಿರುವ ಸ್ಕ್ರೂಡ್ರೈವರನ್ನು) ಮುಟ್ಟಿಸಿ, ಅದು ಹೊತ್ತಲಿಲ್ಲವೆಂದು ಧೈರ್ಯ ಮಾಡುವವರೇ ಹೆಚ್ಚು. ಆ ಟೆಸ್ಟರಿನೊಳಗಿನ ದೀಪ ಹೊತ್ತಲು ನಮ್ಮ ದೇಹದ ಮೂಲಕವೇ ಅತಿ ಸಣ್ಣ ಕರೆಂಟು ನೆಲಕ್ಕೆ ಹರಿಯಬೇಕು. ಒಣಗಿದ ಮರದ ಏಣಿಯ ಮೇಲೆ, ದಪ್ಪ ರಬ್ಬರ್ ಚಪ್ಪಲಿ ಹಾಕಿ ನಿಂತಿದ್ದರೆ ಅದು ತೀರ ಮಂಕಾಗಿ ಹೊತ್ತಬಹುದು. ಹಗಲು ಬೆಳಕಿನಲ್ಲಿ ಆ ಮಂಕು ಕಾಣುವುದೇ ಇಲ್ಲ. ಟೆಸ್ಟರ್ ಹೊತ್ತಿದರೆ ಕರೆಂಟು ಇದೆಯೆಂದು ನಂಬಿ, ಹೊತ್ತದಿದ್ದರೆ ಇಲ್ಲವೆಂದು ನಂಬಬೇಡಿ. ಬಳಸಲೇಬೇಕಿದ್ದರೆ ಮೊದಲು ಕರೆಂಟು ಇರುವುದು ಖಚಿತವಾಗಿರುವ ಪ್ಲಗ್ಗಿನಲ್ಲಿ ಪರೀಕ್ಷಿಸಿ, ಅನಂತರ ಹೋಲ್ಡರಿನಲ್ಲಿ, ಆಮೇಲೆ ಮತ್ತೆ ಅದೇ ಪ್ಲಗ್ಗಿನಲ್ಲಿ ನೋಡಬೇಕು. ಟೆಸ್ಟರೇ ನಡುವೆ ಕೆಟ್ಟುಹೋಗಿಲ್ಲವೆಂಬುದು ಹೀಗೆ ಗೊತ್ತಾಗುತ್ತದೆ.

ನಿವೃತ್ತ ವೈರ್‌ಮನ್, ಮಾಟುಂಗಾ

ಇನ್‌ವರ್ಟರಿನ ಮಾತು ಬಹಳ ಸರಿಯಾದದ್ದು. ಮುಂಬಯಿ ನಗರದೊಳಗೆ ಇನ್‌ವರ್ಟರ್ ಇಟ್ಟವರು ಕಡಿಮೆಯಾದ್ದರಿಂದ ನಮ್ಮವರಿಗೆ ಇದು ಹೊಳೆಯುವುದಿಲ್ಲ, ಪುಣೆಗೋ ಗೋವೆಗೋ ಮನೆ ಬದಲಿಸಿದಾಗ ಇಲ್ಲಿನ ಅಭ್ಯಾಸವನ್ನೇ ಅಲ್ಲಿಗೂ ಒಯ್ಯುತ್ತಾರೆ.

ಬ್ಯಾಟರಿ ಇರುವ "ಇನ್‌ವರ್ಟರ್ ಬಲ್ಬು" ಎಂದು ಮಾರುವುದು ಬೇರೆ. ಕರೆಂಟು ಹೋದರೂ ಅದು ಒಳಗಿನ ಲಿಥಿಯಂ ಬ್ಯಾಟರಿಯಿಂದ ಬೆಳಗುತ್ತದೆ. ಹೋಲ್ಡರಿನಿಂದ ತೆಗೆದು ಅದರ ಎರಡು ಬಿಂದುಗಳನ್ನು ಬೆರಳಿನಿಂದ ಮುಟ್ಟಿದರೆ ಹೊತ್ತುತ್ತದೆಂದು ಅಂಗಡಿಯವರು ತೋರಿಸುತ್ತಾರೆ. ಮಕ್ಕಳು ಅದನ್ನು ನೋಡಿ ಗೋಡೆಯ ಹೋಲ್ಡರಿನಲ್ಲೂ ಬೆರಳಾಡಿಸುವುದನ್ನು ಕಲಿಯಬಾರದು. ಮಕ್ಕಳೆದುರು ಹಾಗೆ ತೋರಿಸಲೇಬೇಡಿ ಎಂದು ನಾನು ಕೇಳಿಕೊಳ್ಳುತ್ತೇನೆ.

ಸೊಸೈಟಿ ಸಮಿತಿ ಸದಸ್ಯ, ಗೋರೆಗಾಂವ್

ಮನೆಯವರು ಎಲ್ಲಿಯವರೆಗೆ ಮಾಡಬಹುದೆಂಬ ಪ್ರಶ್ನೆಗೆ ಕಾನೂನಿನಲ್ಲೇ ಉತ್ತರವಿದೆ. 1956ರ ಭಾರತೀಯ ವಿದ್ಯುತ್ ನಿಯಮಗಳ 45ನೆಯ ನಿಯಮವು ವಿದ್ಯುತ್ ಕಾಮಗಾರಿಯನ್ನು ಪರವಾನಗಿ ಪಡೆದ ಗುತ್ತಿಗೆದಾರರೇ ಮಾಡಬೇಕೆಂದು ಹೇಳಿ, ದೀಪ, ಫ್ಯಾನು, ಫ್ಯೂಸು, ಸ್ವಿಚ್ಚು ಮೊದಲಾದವುಗಳನ್ನು ಇದ್ದ ಹಾಗೆಯೇ ಬದಲಿಸುವ ಕೆಲಸಕ್ಕೆ ವಿನಾಯಿತಿ ಕೊಟ್ಟಿತ್ತು. ಕೇಂದ್ರ ವಿದ್ಯುತ್ ಪ್ರಾಧಿಕಾರದ 2010ರ ಸುರಕ್ಷತಾ ನಿಯಮಾವಳಿಯೂ ಅದನ್ನೇ ಮುಂದುವರಿಸಿತು. ಅಂದರೆ ಸುಟ್ಟ ಬಲ್ಬಿನ ಜಾಗದಲ್ಲಿ ಹೊಸ ಬಲ್ಬು ಹಾಕುವುದು ಮನೆಯವರ ಹಕ್ಕು. ತಂತಿ ಎಳೆಯುವುದು, ಹೊಸ ಪಾಯಿಂಟ್ ಕೊಡುವುದು ಹಾಗಲ್ಲ. ಕಾನೂನು ಸ್ವಿಚ್ಚು ಬದಲಿಸಲು ಬಿಟ್ಟರೂ, ಫೇಸ್ ಯಾವುದು ನ್ಯೂಟ್ರಲ್ ಯಾವುದು ಎಂದು ಗುರುತಿಸಲು ಬಾರದವರು ಅದಕ್ಕೆ ಕೈ ಹಾಕಬಾರದೆಂದೇ ನನ್ನ ಅಭಿಪ್ರಾಯ. ಹಳೆಯ ಮನೆಗಳಲ್ಲಿ ತಂತಿಯ ಬಣ್ಣವನ್ನೂ ನಂಬುವಂತಿಲ್ಲ. ಕೆಂಪು ಮುಗಿದಾಗ ಕಪ್ಪು ತಂತಿಯನ್ನೇ ಫೇಸಿಗೆ ಎಳೆದವರು ಇದ್ದಾರೆ.

ಇದಕ್ಕಿಂತಲೂ ನನ್ನನ್ನು ಕಾಡುವ ವಿಷಯ ಇನ್ನೊಂದಿದೆ. ಎಷ್ಟೋ ಹೌಸಿಂಗ್ ಸೊಸೈಟಿಗಳಲ್ಲಿ ಮೆಟ್ಟಿಲಿನ ದೀಪ, ಗೇಟಿನ ದೀಪ, ನೀರಿನ ಟಾಂಕಿಯ ಮೇಲಿನ ದೀಪ ಹೋದರೆ ಅದನ್ನು ಬದಲಿಸುವವನು ವಾಚ್‌ಮನ್. ಅವನಿಗೆ ಯಾರೂ ಏನನ್ನೂ ಕಲಿಸಿರುವುದಿಲ್ಲ. ಮೀಟರ್ ಕೋಣೆಯ ಕೀಲಿ ಕಾರ್ಯದರ್ಶಿಯ ಮನೆಯಲ್ಲಿರುತ್ತದೆ, ಅವರು ಆಫೀಸಿಗೆ ಹೋಗಿರುತ್ತಾರೆ; ಆದ್ದರಿಂದ ಅವನು ಎಂಸಿಬಿ ಇಳಿಸುವ ಪ್ರಶ್ನೆಯೇ ಬರುವುದಿಲ್ಲ. ಮಳೆಯಲ್ಲಿ ನೆನೆದ ಕಬ್ಬಿಣದ ಏಣಿಯನ್ನು ಗೋಡೆಗೆ ಒರಗಿಸಿ ಹತ್ತುತ್ತಾನೆ. ನಮ್ಮ ಊರಿನ ಕಡೆಯಿಂದಲೇ ಬಂದ ಹುಡುಗರು ಈ ಕೆಲಸದಲ್ಲಿರುವುದನ್ನು ನಾವೆಲ್ಲ ನೋಡಿದ್ದೇವೆ. ಸಾಮಾನ್ಯ ಜಾಗದ ದೀಪಗಳಿಗೆ ವೈರ್‌ಮನ್‌ನೊಂದಿಗೆ ವರ್ಷದ ಕರಾರು ಮಾಡಿಕೊಳ್ಳಿ ಎಂದು ನಾನು ಪ್ರತಿ ಸಭೆಯಲ್ಲೂ ಕೇಳುತ್ತ ಬಂದಿದ್ದೇನೆ, ಖರ್ಚಿನ ಮಾತೆತ್ತಿ ಮುಂದೂಡುತ್ತಾರೆ. ಕರಾರು ಆಗುವವರೆಗಾದರೂ ಮೂರು ವಿಷಯಗಳನ್ನು ಕಡ್ಡಾಯ ಮಾಡಲು ಸಾಧ್ಯವಿದೆ. ಕೀಲಿಯ ಒಂದು ಪ್ರತಿ ಕಟ್ಟಡದಲ್ಲೇ ಇರಲಿ, ಕಬ್ಬಿಣದ ಏಣಿಯ ಬದಲು ಫೈಬರ್‌ಗ್ಲಾಸ್ ಅಥವಾ ಒಣ ಮರದ ಮಡಿಸುವ ಏಣಿ ಇರಲಿ, ಮಳೆ ಬರುತ್ತಿರುವಾಗ ಹೊರಗಿನ ದೀಪಕ್ಕೆ ಯಾರನ್ನೂ ಹತ್ತಿಸದಿರಲಿ. ಒಂದು ರಾತ್ರಿ ಗೇಟಿನ ಬಳಿ ಕತ್ತಲಿದ್ದರೆ ಯಾರಿಗೂ ನಷ್ಟವಿಲ್ಲ.

ದಾದಿ, ಚೆಂಬೂರು

ಆಸ್ಪತ್ರೆಯ ಕಡೆಯಿಂದ ನೋಡಿದರೆ, ವಯಸ್ಸಾದವರಿಗೆ ಶಾಕ್‌ನಷ್ಟೇ ಅಪಾಯ ಬೀಳುವುದರಲ್ಲಿದೆ. ಸಣ್ಣ ಶಾಕ್ ತಾಗಿ ಕೈ ಸೆಳೆದುಕೊಂಡಾಗಲೇ ಸಮತೋಲ ತಪ್ಪಿ ಸ್ಟೂಲಿನಿಂದ ಹಿಂದಕ್ಕೆ ಬೀಳುತ್ತಾರೆ. ಸೊಂಟದ ಮೂಳೆ ಮುರಿಯುವುದು, ತಲೆಗೆ ಪೆಟ್ಟಾಗುವುದು ಹೀಗೆಯೇ. ರಕ್ತ ತೆಳುವಾಗಿಸುವ ಮಾತ್ರೆ ತೆಗೆದುಕೊಳ್ಳುವವರಿಗೆ ತಲೆಗೆ ಪೆಟ್ಟಾದರೆ ಒಳಗೆ ನಿಧಾನವಾಗಿ ರಕ್ತ ಸೋರಬಹುದು. ಹೊರಗೆ ಗಾಯ ಕಾಣದಿದ್ದರೂ ಅಂಥವರನ್ನು ವೈದ್ಯರಿಗೆ ತೋರಿಸಲೇಬೇಕು. ಮೇಲೆ ನೋಡುತ್ತ ಕತ್ತೆತ್ತಿ ಕೆಲಸ ಮಾಡಿದರೆ ಹಲವರಿಗೆ ತಲೆ ಸುತ್ತು ಬರುತ್ತದೆ. ಡೊಂಬಿವಲಿಯ ಅಕ್ಕನವರೇ, ತಮ್ಮ ಮಾವನವರಿಗೆ ಬೇಸರವಾಗದಂತೆ, ಸರಿಯಾದ ಬಲ್ಬನ್ನು ಆಯ್ದು ಕೊಡುವುದು, ಎಂಸಿಬಿ ಇಳಿಸಿ ಅದರ ಬಳಿಯೇ ಕಾವಲು ನಿಲ್ಲುವುದು ಅವರ ಕೆಲಸವಾಗಲಿ. ಅದು ಹೆಸರಿಗೆ ಕೊಟ್ಟ ಕೆಲಸವಲ್ಲ. ಮೇಲೆ ಒಬ್ಬರಿರುವಾಗ ಬೇರಾರೋ ತಿಳಿಯದೆ ಎಂಸಿಬಿ ಎತ್ತಿಬಿಡುವುದನ್ನು ತಡೆಯಲು ಅಲ್ಲಿ ಒಬ್ಬರು ನಿಂತಿರಲೇಬೇಕು.

ಯಾರಾದರೂ ಕರೆಂಟಿಗೆ ಅಂಟಿಕೊಂಡರೆ ಅವರನ್ನು ಮುಟ್ಟಬೇಡಿ. ಮೊದಲು ಮೇನ್ ಆರಿಸಿ. ಅದು ದೂರವಿದ್ದರೆ ಒಣಗಿದ ಮರದ ಕೋಲಿನಿಂದಲೋ ಪ್ಲಾಸ್ಟಿಕ್ ಕುರ್ಚಿಯಿಂದಲೋ ಅವರನ್ನು ತಂತಿಯಿಂದ ದೂಡಿ ಬೇರ್ಪಡಿಸಿ. ಎಚ್ಚರವಿಲ್ಲದೆ, ಉಸಿರಾಟವೂ ಸರಿಯಾಗಿಲ್ಲದಿದ್ದರೆ 108ಕ್ಕೆ ಕರೆ ಮಾಡಿಸಿ, ಎದೆಯ ನಡುವೆ ಎರಡೂ ಕೈಗಳಿಂದ ನಿಮಿಷಕ್ಕೆ 100ರಿಂದ 120ರ ವೇಗದಲ್ಲಿ, ಸುಮಾರು 5 ಸೆಂಟಿಮೀಟರ್ ಇಳಿಯುವಂತೆ ಒತ್ತುತ್ತಲೇ ಇರಬೇಕು.

ಮುಲುಂಡ್ ಓದುಗ

ಸಿಕ್ಕಿಕೊಂಡ ಬಲ್ಬಿನ ಬಗ್ಗೆ ಯಾರೂ ಹೇಳಲಿಲ್ಲ. ಗಾಜು ಒಡೆದು ಲೋಹದ ಭಾಗ ಹೋಲ್ಡರಿನಲ್ಲೇ ಉಳಿದರೆ ಅರ್ಧ ಕತ್ತರಿಸಿದ ಆಲೂಗಡ್ಡೆಯನ್ನು ಒತ್ತಿ ತಿರುಗಿಸಿದರೆ ಬರುತ್ತದೆಂದು ಅನೇಕ ವಿಡಿಯೋಗಳಲ್ಲಿ ತೋರಿಸುತ್ತಾರೆ. ಮಾಡಬಹುದೇ?

ನಿವೃತ್ತ ವೈರ್‌ಮನ್, ಮಾಟುಂಗಾ

ಬೇಡ. ಆಲೂಗಡ್ಡೆಯ ತುಂಬ ನೀರು, ನೀರಿನಲ್ಲಿ ಲವಣ. ಕರೆಂಟು ಪೂರ್ತಿ ಹೋಗಿಲ್ಲದಿದ್ದರೆ ಅದು ಕೈಯವರೆಗೆ ತಂತಿ ಎಳೆದ ಹಾಗೆ. ಕರೆಂಟು ಹೋಗಿದ್ದರೂ ಅದರ ರಸ ಹೋಲ್ಡರಿನೊಳಗೆ ಇಳಿದು ಹಿತ್ತಾಳೆಗೆ ಕಿಲುಬು ಹಿಡಿಸುತ್ತದೆ.

ಬಚ್ಚಲುಮನೆಯ ಬಲ್ಬಿಗೆ ಹೀಗೆ ಮಾಡಿ. ಎಂಸಿಬಿ ಇಳಿಸಿ, ಅದೇ ಸಾಲಿನ ಇನ್ನೊಂದು ದೀಪವೋ ಫ್ಯಾನೋ ನಿಂತಿತೆಂದು ನೋಡಿ. ನೆಲವನ್ನು ಒರೆಸಿ ಒಣಗಿಸಿ, ಕೈಗೆ ದಪ್ಪ ಕೈಗವಸು, ಕಣ್ಣಿಗೆ ಕನ್ನಡಕ ಹಾಕಿಕೊಳ್ಳಿ. ಪಿನ್ ಹೋಲ್ಡರಿನಲ್ಲಿ ಬಲ್ಬು ಸಿಕ್ಕಿಕೊಂಡಿರುವುದಕ್ಕೆ ಹೆಚ್ಚಾಗಿ ಕಾರಣ, ಅದರ ಎರಡು ಪಕ್ಕದ ಮೊಳೆಗಳು ಸೀಳಿನ ಕೊಕ್ಕೆಯಲ್ಲಿ ತುಕ್ಕು ಹಿಡಿದು ಕುಳಿತಿರುವುದು, ಇಲ್ಲವೇ ಒಳಗಿನ ಸ್ಪ್ರಿಂಗು ಬಿಗಿದುಹೋಗಿರುವುದು. ಜನ ಬರಿದೆ ತಿರುವುತ್ತಾರೆ, ಅದರಿಂದ ಮೊಳೆ ಕೊಕ್ಕೆಗೆ ಇನ್ನಷ್ಟು ಕಚ್ಚುತ್ತದೆ. ಮೊದಲು ಬಲ್ಬನ್ನು ನೇರವಾಗಿ ಮೇಲಕ್ಕೆ, ಹೋಲ್ಡರಿನ ಒಳಕ್ಕೆ ಒತ್ತಬೇಕು. ಸ್ಪ್ರಿಂಗು ಚೂರು ಇಳಿದದ್ದು ಕೈಗೆ ತಿಳಿಯುತ್ತದೆ. ಆ ಒತ್ತಡ ಬಿಡದೆ ಎಡಕ್ಕೆ ತಿರುಗಿಸಿ, ತಿರುಗಿದ ಮೇಲೆ ಒತ್ತಡ ಸಡಿಲಿಸಿದರೆ ಬಲ್ಬು ತಾನೇ ಕೆಳಗಿಳಿಯುತ್ತದೆ. ಹಿಡಿಯುವಾಗ ಗಾಜನ್ನೋ ಪ್ಲಾಸ್ಟಿಕ್ ಗುಂಡನ್ನೋ ಹಿಂಡದೆ, ಆದಷ್ಟು ಲೋಹದ ಕಂಠದ ಹತ್ತಿರ ಹಿಡಿಯಿರಿ. ಹಳೆಯ ಅಗ್ಗದ ಎಲ್‌ಇಡಿಗಳಲ್ಲಿ ಮೇಲಿನ ಗುಂಡು ಮಾತ್ರ ಕಳಚಿ ಕೈಗೆ ಬರುವುದುಂಟು. ಆಗ ಒಳಗಿನ ಎಲ್‌ಇಡಿ ತಟ್ಟೆ ಬರಿದಾಗುತ್ತದೆ. ಹಲವು ಬಲ್ಬುಗಳಲ್ಲಿ ಆ ತಟ್ಟೆ ಮೇನ್ ಕರೆಂಟಿನಿಂದ ಬೇರ್ಪಟ್ಟಿರುವುದೇ ಇಲ್ಲ. ಅಂಥ ಬಲ್ಬನ್ನು ಗುಂಡಿಲ್ಲದೆ ಉರಿಸುವುದು, ತೆರೆದು ರಿಪೇರಿ ಮಾಡಿ ಮತ್ತೆ ಹಾಕುವುದು ಎರಡೂ ಬೇಡ.

ಲೋಹದ ಕಂಠ ಮಾತ್ರ ಉಳಿದಿದ್ದರೆ ಹಿಡಿಕೆಗೆ ಇನ್ಸುಲೇಷನ್ ಇರುವ ಮೂತಿ ಚೂಪಾದ ಇಕ್ಕಳದಿಂದ ಅಂಚನ್ನು ಹಿಡಿದು ಅದೇ ರೀತಿ ಒತ್ತಿ ತಿರುಗಿಸಬಹುದು. ಎರಡು ಸಲ ನೋಡಿ, ಬಾರದಿದ್ದರೆ ಬಿಟ್ಟುಬಿಡಿ. ಬಲವಂತ ಮಾಡಿದರೆ ಬೇಕಲೈಟಿನ ಹೋಲ್ಡರ್ ಬಿರಿದು ತಂತಿಗಳು ಒಂದಕ್ಕೊಂದು ತಾಗುತ್ತವೆ. ಒಸರುವ ಗೋಡೆಯ ಮೇಲಿನ ಹೋಲ್ಡರನ್ನು ಹೇಗಿದ್ದರೂ ಬದಲಿಸಬೇಕು, ಒಸರು ನಿಲ್ಲುವವರೆಗೆ ಆ ಪಾಯಿಂಟನ್ನು ಬಳಸಲೇಬಾರದು.

ಡೊಂಬಿವಲಿ ಗೃಹಿಣಿ

ಎಲ್ಲರಿಗೂ ಕೃತಜ್ಞತೆಗಳು. ವೈರ್‌ಮನ್ ಬಂದು ನೋಡಿದರು. ಅಡುಗೆಮನೆಯದಷ್ಟೇ ಅಲ್ಲ, ಕೋಣೆಗಳ ನಡುವಿನ ಓಣಿಯ ದೀಪದ ಸ್ವಿಚ್ಚೂ ನ್ಯೂಟ್ರಲ್ ಮೇಲಿತ್ತು. ಎರಡನ್ನೂ ಸರಿಪಡಿಸಿದ ಮೇಲೆ ಮಿನುಗು ನಿಂತಿದೆ. ಬಚ್ಚಲುಮನೆಯ ಹೋಲ್ಡರ್ ತೆಗೆಸಿದ್ದೇವೆ. ಸದ್ಯಕ್ಕೆ ಹೊರಗಿನ ಬೆಳಕಿನಲ್ಲೇ ನಡೆಸುತ್ತಿದ್ದೇವೆ. ಕರೆಂಟು ನೆಲಕ್ಕೆ ಸೋರಿದರೆ ತಾನೇ ಬೀಳುವ ಆರ್‌ಸಿಸಿಬಿ ನಮ್ಮಲ್ಲಿ ಇಲ್ಲವೆಂದೂ ಹಾಕಿಸಿಕೊಳ್ಳಬೇಕೆಂದೂ ಅವರು ಹೇಳಿದರು. ಅದು ಇದ್ದರೆ ಬಲ್ಬು ಬದಲಿಸುವಾಗ ಎಂಸಿಬಿ ಇಳಿಸುವ ಅಗತ್ಯವಿರುವುದಿಲ್ಲವೇ?

ಕೊತ್ರೂಡ್ ನಿವಾಸಿ, ಪುಣೆ

ಆಗಲೂ ಎಂಸಿಬಿ ಇಳಿಸಲೇಬೇಕು. ಫೇಸಿನಲ್ಲಿ ಹೋದಷ್ಟೇ ಕರೆಂಟು ನ್ಯೂಟ್ರಲಿನಲ್ಲಿ ಹಿಂದಿರುಗುತ್ತಿದೆಯೇ ಎಂದು ಆರ್‌ಸಿಸಿಬಿ ನೋಡುತ್ತಿರುತ್ತದೆ. 30 ಮಿಲಿಆಂಪಿಯರಿನ ಆರ್‌ಸಿಸಿಬಿಯಾದರೆ, ಅಷ್ಟು ಕರೆಂಟು ಮನುಷ್ಯನ ದೇಹದ ಮೂಲಕ ನೆಲಕ್ಕೆ ಸೋರಿದ ಕೂಡಲೇ ಬಿದ್ದುಹೋಗುತ್ತದೆ. ಆದರೆ ಬಿ22 ಹೋಲ್ಡರಿನ ಎರಡೂ ತುದಿಗಳನ್ನು ಒಟ್ಟಿಗೆ ಮುಟ್ಟಿದಾಗ ಕರೆಂಟು ಒಂದು ಬೆರಳಿನಿಂದ ಒಳಹೋಗಿ ಇನ್ನೊಂದರಿಂದ ಹೊರಬಂದರೆ, ಆರ್‌ಸಿಸಿಬಿಗೆ ನಾವೂ ಒಂದು ಬಲ್ಬಿನಂತೆಯೇ ಕಾಣುತ್ತೇವೆ, ಅದು ಬೀಳುವುದಿಲ್ಲ. ಆರ್‌ಸಿಸಿಬಿಯನ್ನು ಖಂಡಿತ ಹಾಕಿಸಿ, ಅದರ ಪರೀಕ್ಷಾ ಬಟನ್ನನ್ನು ತಿಂಗಳಿಗೊಮ್ಮೆ ಒತ್ತಿ ನೋಡಿ, ಎಂಸಿಬಿ ಇಳಿಸುವ ಅಭ್ಯಾಸವನ್ನೂ ಇಟ್ಟುಕೊಳ್ಳಿ.

ಥಾಣೆಯ ತಾಯಿ

ಸಂಬಂಧಪಟ್ಟದ್ದೇ ಆದ್ದರಿಂದ ಇಲ್ಲೇ ಕೇಳುತ್ತೇನೆ. ನಮ್ಮ ಅಟ್ಟದಲ್ಲಿ ಹಳೆಯ ಸಿಎಫ್‌ಎಲ್ ಬಲ್ಬುಗಳೂ ಎರಡು ಟ್ಯೂಬ್‌ಲೈಟುಗಳೂ ಇವೆ. ಅವುಗಳಲ್ಲಿ ವಿಷವಿದೆಯೆಂದು ಕೇಳಿದ್ದೇನೆ. ಮನೆಯಲ್ಲಿ ಅಂಬೆಗಾಲಿಡುವ ಮಗುವಿದೆ. ಒಡೆದರೆ ಏನು ಮಾಡಬೇಕು, ಒಡೆಯದೆ ಇದ್ದರೆ ಯಾರಿಗೆ ಕೊಡಬೇಕು?

ರಸಾಯನಶಾಸ್ತ್ರ ಅಧ್ಯಾಪಕಿ, ಪುಣೆ

ಒಂದೊಂದು ಸಿಎಫ್‌ಎಲ್‌ನಲ್ಲಿ ಕೆಲವು ಮಿಲಿಗ್ರಾಂ ಪಾದರಸವಿರುತ್ತದೆ. ಒಡೆದಾಗ ಅದು ಹೆಚ್ಚಾಗಿ ಕಣ್ಣಿಗೆ ಕಾಣುವ ಹನಿಯಾಗಿರದೆ, ಆವಿಯಾಗಿಯೂ ಒಳಗಿನ ಬಿಳಿಯ ಪುಡಿಗೆ ಅಂಟಿಕೊಂಡೂ ಹೊರಬರುತ್ತದೆ. ಒಂದು ಬಲ್ಬು ಒಡೆದರೆ ಭಯಪಡುವ ಅಗತ್ಯವಿಲ್ಲ, ಆದರೆ ಮಗು ಇರುವ ಮನೆಯಲ್ಲಿ ಮೊದಲ ಕಾಲು ಗಂಟೆ ಹೇಗೆ ನಡೆದುಕೊಳ್ಳುತ್ತೇವೆ ಎಂಬುದು ಮುಖ್ಯ. ಮಗುವನ್ನೆತ್ತಿಕೊಂಡು ಎಲ್ಲರೂ ಆ ಕೋಣೆಯಿಂದ ಹೊರಗೆ ಬನ್ನಿ, ಕಿಟಕಿಗಳನ್ನು ತೆರೆಯಿರಿ, ಎಸಿ ನಿಲ್ಲಿಸಿ. ಹತ್ತು ಹದಿನೈದು ನಿಮಿಷ ಗಾಳಿಯಾಡಲು ಬಿಡಿ. ಕಸಬರಿಗೆಯನ್ನಾಗಲಿ ವ್ಯಾಕ್ಯೂಮ್ ಕ್ಲೀನರನ್ನಾಗಲಿ ಮುಟ್ಟಬೇಡಿ, ಅವು ಪುಡಿಯನ್ನು ಇಡೀ ಮನೆಗೆ ಹರಡುತ್ತವೆ. ಗಟ್ಟಿ ರಟ್ಟಿನ ಎರಡು ತುಂಡುಗಳಿಂದ ಚೂರುಗಳನ್ನು ಒಟ್ಟುಮಾಡಿ, ಉಳಿದ ಪುಡಿಯನ್ನು ಅಂಟುಪಟ್ಟಿಯಿಂದ ಒತ್ತಿ ತೆಗೆಯಿರಿ, ಕೊನೆಗೆ ಒದ್ದೆ ಕಾಗದದಿಂದ ಒರೆಸಿ. ಇದೆಲ್ಲವನ್ನೂ, ರಟ್ಟು ಕಾಗದಗಳ ಸಮೇತ, ಮುಚ್ಚಳವಿರುವ ಗಾಜಿನ ಬಾಟಲಿಗೆ ಹಾಕಿ ಮುಚ್ಚಿ ಮನೆಯ ಹೊರಗಿಡಿ. ಪುಡಿ ಬಿದ್ದ ಚಾದರವನ್ನೋ ಮಗುವಿನ ಹಾಸಿಗೆಯನ್ನೋ ಯಂತ್ರದಲ್ಲಿ ಒಗೆಯಬೇಡಿ.

2016ರ ಘನತ್ಯಾಜ್ಯ ನಿಯಮಗಳು ಸಿಎಫ್‌ಎಲ್ ಮತ್ತು ಟ್ಯೂಬ್‌ಲೈಟುಗಳನ್ನು ಮನೆಯ ಅಪಾಯಕಾರಿ ತ್ಯಾಜ್ಯವೆಂದೇ ಹೆಸರಿಸಿದವು. ಪಾದರಸವಿರುವ ದೀಪಗಳು ಇ-ತ್ಯಾಜ್ಯ ನಿಯಮಗಳ ಪಟ್ಟಿಯಲ್ಲೂ ಇವೆ. ಆದ್ದರಿಂದ ಅವನ್ನು ಒಣ ಕಸದ ಡಬ್ಬಿಗೆ ಹಾಕಬಾರದು, ಗುಜರಿಯವನಿಗೂ ಕೊಡಬಾರದು. ಅವನು ಲೋಹದ ತುದಿಗಾಗಿ ಬರಿಗೈಯಲ್ಲಿ ಗಾಜು ಒಡೆಯುತ್ತಾನೆ. ಇ-ತ್ಯಾಜ್ಯ ಸಂಗ್ರಹಿಸುವ ದಿನ ನಿಮ್ಮ ಸೊಸೈಟಿಯಲ್ಲೋ ವಾರ್ಡಿನಲ್ಲೋ ಇರಬಹುದು, ಕೇಳಿಕೊಳ್ಳಿ. ಅಲ್ಲಿಯವರೆಗೆ ಹೊಸ ಬಲ್ಬು ಬಂದ ರಟ್ಟಿನ ಡಬ್ಬಿಯಲ್ಲೇ ಹಳೆಯದನ್ನು ಹಾಕಿಡಿ. ಪುಣೆಯಲ್ಲಿ ಮನೆಮನೆಗೆ ಬರುವ 'ಸ್ವಚ್ಛ್' ಸಹಕಾರಿಯ ಹೆಣ್ಣುಮಕ್ಕಳ ಕೈಗೆ ಇಂಥದ್ದನ್ನು ಕೊಡುವಾಗ ಬೇರೆಯಾಗಿ ಕಟ್ಟಿ, ಒಳಗೇನಿದೆಯೆಂದು ಬಾಯಿಬಿಟ್ಟು ಹೇಳಬೇಕು. ಕಸ ವಿಂಗಡಿಸುವುದು ಅವರು ತಮ್ಮ ಕೈಗಳಿಂದ.

ವಾಸ್ಕೊ ಕನ್ನಡತಿ, ಗೋವಾ

ನಮ್ಮದು ಸಮುದ್ರಕ್ಕೆ ಹತ್ತಿರದ ಹಳೆಯ ಹೆಂಚಿನ ಮನೆ. ಮುಂಬಾಗಿಲ ಬಲ್ಕಾಂವ್‌ನಲ್ಲಿ, ಅಂದರೆ ಜಗಲಿಯಲ್ಲಿ, ಗಾಜಿನ ಗುಂಡಿನೊಳಗೆ ದೀಪವಿದೆ. ಹಿಂದೆ 40 ವ್ಯಾಟಿನ ಬಲ್ಬು ವರ್ಷಗಟ್ಟಲೆ ಬರುತ್ತಿತ್ತು, ಈಗ 12 ವ್ಯಾಟಿನ ಎಲ್‌ಇಡಿ ಕೆಲವೇ ತಿಂಗಳಲ್ಲಿ ಹೋಗುತ್ತದೆ. ಪ್ರತಿ ಸಲವೂ ಏಣಿ ಹತ್ತಬೇಕು. ಏಣಿ ಹತ್ತುವುದನ್ನೇ ಕಡಿಮೆ ಮಾಡುವ ದಾರಿಯಿದೆಯೇ?

ನಿವೃತ್ತ ವೈರ್‌ಮನ್, ಮಾಟುಂಗಾ

ಇದೆ, ತಂಗೀ. ಎಲ್‌ಇಡಿ ತಂಪಾಗಿರುತ್ತದೆಂಬುದು ಅರ್ಧ ಸತ್ಯ. ಬೆಳಕು ತಂಪು, ಆದರೆ ಕಂಠದೊಳಗಿನ ಡ್ರೈವರ್ (ಮನೆಯ ಕರೆಂಟನ್ನು ಎಲ್‌ಇಡಿಗೆ ತಕ್ಕಂತೆ ಬದಲಿಸುವ ಭಾಗ) ಕಾಯುತ್ತದೆ. ಅದರಲ್ಲಿರುವ ಎಲೆಕ್ಟ್ರೊಲಿಟಿಕ್ ಕೆಪಾಸಿಟರಿನ ಆಯುಸ್ಸು ಪ್ರತಿ 10 ಡಿಗ್ರಿ ಬಿಸಿ ಏರಿದಂತೆ ಸುಮಾರು ಅರ್ಧಕ್ಕೆ ಇಳಿಯುತ್ತದೆಂಬುದು ಕೆಲಸ ಬಲ್ಲವರ ಲೆಕ್ಕ. ಮುಚ್ಚಿದ ಗಾಜಿನ ಗುಂಡಿನಲ್ಲಿ, ತಲೆಕೆಳಗಾಗಿ ತೂಗುವ ಬಲ್ಬಿನ ಶಾಖವೆಲ್ಲ ಮೇಲೇರಿ ಡ್ರೈವರಿನ ಸುತ್ತಲೇ ನಿಲ್ಲುತ್ತದೆ. ತಂತಿ ಬಲ್ಬಿನಲ್ಲಿ ಕೆಡುವಂಥ ಡ್ರೈವರೇ ಇರಲಿಲ್ಲ, ಅದಕ್ಕೇ ಅದು ಅಲ್ಲಿ ತಾಳಿಕೊಂಡಿತು.

40 ವ್ಯಾಟಿನ ಹಳೆಯ ಬಲ್ಬಿನಷ್ಟು ಬೆಳಕಿಗೆ 5 ವ್ಯಾಟಿನ ಎಲ್‌ಇಡಿ ಸಾಕು. 12 ವ್ಯಾಟು ಬಲ್ಕಾಂವ್‌ಗೆ ಅತಿಯಾಯಿತು. ಡಬ್ಬಿಯ ಮೇಲೆ ವ್ಯಾಟನ್ನು ಮಾತ್ರ ನೋಡದೆ ಬೆಳಕಿನ ಅಳತೆಯಾದ ಲ್ಯೂಮೆನ್ ಸಂಖ್ಯೆಯನ್ನು ನೋಡಿ. ಮುಚ್ಚಿದ ಗುಂಡಿನಲ್ಲಿ ಬಳಸಬಾರದೆಂದು ಬರೆದಿದ್ದರೆ ಅದನ್ನು ತರಬೇಡಿ. ಮಾನಕ ಬ್ಯೂರೋದ ಗುರುತಿನ ಜೊತೆಗೆ ಐಎಸ್ 16102 ಎಂದೂ, ಆರ್ ಅಕ್ಷರದಿಂದ ಆರಂಭವಾಗುವ ನೋಂದಣಿ ಸಂಖ್ಯೆಯೂ ಇರಬೇಕು. ಫುಟ್‌ಪಾತಿನ ಗಾಡಿಗಳಲ್ಲಿ ಮಾರುವ ಹೆಸರಿಲ್ಲದ ಬಲ್ಬುಗಳಲ್ಲಿ ಅದು ಇರುವುದಿಲ್ಲ.

ಗುಂಡಿನ ಬದಲು ಐಪಿ65 (ಧೂಳು, ನೀರು ಒಳಗೆ ಹೋಗದಂತೆ ತಡೆಯುವ ಮಟ್ಟದ ಗುರುತು) ಎಂದು ಬರೆದ, ದೀಪವೂ ಅದರ ಕವಚವೂ ಒಂದೇ ಆಗಿರುವ ಹೊರಾಂಗಣ ಫಿಟ್ಟಿಂಗನ್ನು ವೈರ್‌ಮನ್‌ನಿಂದ ಹಾಕಿಸಿಕೊಂಡರೆ ಇನ್ನೂ ಒಳ್ಳೆಯದು. ಮಳೆನೀರು ನೇರ ಬೀಳುವ ಜಾಗಕ್ಕೆ ಅದು ಬೇಕು. ಮಾಡಿನ ಕೆಳಗೆ ಎರಚಲು ಮಾತ್ರ ಬರುವಲ್ಲಿ ಐಪಿ44 ಸಾಕು. ತಂತಿ ಫಿಟ್ಟಿಂಗಿನೊಳಕ್ಕೆ ಕೆಳಗಿನಿಂದ ಹೋಗುವಂತೆ, ಅದಕ್ಕೂ ಮೊದಲು ಚೂರು ಜೋತುಬಿದ್ದಿರುವಂತೆ ಬಿಡಲು ಹೇಳಿ. ತಂತಿಯ ಮೇಲೆ ಹರಿದು ಬಂದ ನೀರು ಆ ತಗ್ಗಿನಿಂದ ನೆಲಕ್ಕೆ ತೊಟ್ಟಿಕ್ಕುತ್ತದೆ, ಒಳಗೆ ಹೋಗುವುದಿಲ್ಲ. ಉಪ್ಪುಗಾಳಿಗೆ ಹೋಲ್ಡರಿನ ಹಿತ್ತಾಳೆ ಹಸಿರುಗಟ್ಟಿದ್ದರೆ ಉಜ್ಜಿ ಮತ್ತೆ ಬಳಸುವುದು ಬೇಡ. ಕಿಲುಬಿನಿಂದ ಸಂಪರ್ಕ ಸಡಿಲವಾಗಿ, ಅಲ್ಲೇ ಕಿಡಿಯಾಡಿ ಹೋಲ್ಡರ್ ಕರಗುತ್ತದೆ. ಹೊಸ ಹೋಲ್ಡರಿನ ಬೆಲೆ ಹೊಸ ಬಲ್ಬಿಗಿಂತ ಕಡಿಮೆ.

ವಾಸ್ಕೊ ಕನ್ನಡತಿ, ಗೋವಾ

ಹಸಿರುಗಟ್ಟಿರುವುದು ನಿಜ. ಮಳೆ ನಿಂತ ಮೇಲೆ ಫಿಟ್ಟಿಂಗನ್ನೇ ಬದಲಿಸಲು ಹೇಳುತ್ತೇನೆ. ನಮ್ಮಲ್ಲಿ ಇನ್‌ವರ್ಟರ್ ಇರುವುದರಿಂದ, ವೈರ್‌ಮನ್ ಬಂದಾಗ ಅದರಿಂದ ಹೊರಡುವ ಸಾಲಿಗೆ ಬೇರೆ ಎಂಸಿಬಿ ಹಾಕಿಸಿ, ಬೋರ್ಡಿನ ಮೇಲೆ ಯಾವುದು ಯಾವ ದೀಪಕ್ಕೆ ಎಂದು ಕನ್ನಡದಲ್ಲೂ ಕೊಂಕಣಿಯಲ್ಲೂ ಬರೆಸುತ್ತೇನೆ.